ಏರಿ ಮೇಲಿನ ಡ್ಯೂಟಿ

ನಮ್ಮಪ್ಪನಿಗೆ ಮಾತು ಬರುತ್ತಿತ್ತು. ಅವನ ಬದುಕಿನ ಬಂಡವಾಳ ಅದೊಂದೇ. ಹಿಂದೂಪುರದ ನಮ್ಮ ನೇಕಾರರ ಬೀದಿಯಲ್ಲಿ ಗಂಡಸರೆಲ್ಲ ಗುಂಡಿಮಗ್ಗದೊಳಕ್ಕೆ ಕಾಲು ಇಳಿಬಿಟ್ಟುಕೊಂಡು ಬೆಳಗಿನಿಂದ ಸಂಜೆಯವರೆಗೆ ಲಾಳಿ ಹೊಡೆಯುತ್ತಿದ್ದರೆ, ಅಪ್ಪ ಒಂದು ಗಂಟೆ ಕೂತು ಸೊಂಟ ಹಿಡಿಯಿತೆಂದು ಎದ್ದುಬಿಡುತ್ತಿದ್ದ. ಎದ್ದವನು ನೇರ ಟೀ ಅಂಗಡಿಯ ಮುಂದೆ. ಅಲ್ಲಿ ಕನ್ನಡದವರ ಹತ್ತಿರ ಕನ್ನಡ, ತೆಲುಗಿನವರ ಹತ್ತಿರ ತೆಲುಗು, ಆಫೀಸಿನವರು ಬಂದರೆ ನಾಲ್ಕು ಇಂಗ್ಲಿಷ್ ಪದ. ನಾನು ಐದನೇ ಕ್ಲಾಸಿಗೆ ಬರುವಷ್ಟರಲ್ಲಿ ನೇಕಾರರ ಸೊಸೈಟಿಗೆ ಡೈರೆಕ್ಟರಾಗಿದ್ದ, ಹೈಸ್ಕೂಲಿಗೆ ಬರುವಷ್ಟರಲ್ಲಿ ಮುನಿಸಿಪಾಲಿಟಿಗೆ ವಾರ್ಡ್ ಮೆಂಬರ್. ನೂಲು ಸಿಗದ ದಿನಗಳಲ್ಲಿ ಬೀದಿಯವರನ್ನೆಲ್ಲ ಕರೆದುಕೊಂಡು ಅನಂತಪುರಕ್ಕೆ ಹೋಗಿ, ಕಲೆಕ್ಟರ್ ಕಚೇರಿಯ ಮುಂದೆ ಕೂರಿಸಿ, ಒಂದು ಲೋಡು ನೂಲು ತರಿಸಿದ್ದು ಅವನೇ. ಅದನ್ನು ಇಲ್ಲವೆನ್ನಲಾರೆ. ಆಗ ನಾನು ಎದೆ ಉಬ್ಬಿಸಿಕೊಂಡು ಶಾಲೆಯಲ್ಲಿ ಯಾರ ಜೊತೆಗೂ ಸರಿಯಾಗಿ ಮಾತೇ ಆಡುತ್ತಿರಲಿಲ್ಲ.

ಎಪ್ಪತ್ತರ ದಶಕದ ನಡುವಿನಲ್ಲಿ ಅವನಿಗೆ ಎಮ್ಮೆಲ್ಲೆ ಟಿಕೆಟ್ಟಿನ ಆಸೆ ಹತ್ತಿತು. ಹೈದರಾಬಾದಿಗೆ ಆರು ಸಲ ಹೋಗಿ ಬಂದ. ಟಿಕೆಟ್ ಇನ್ನೊಬ್ಬರಿಗೆ ಹೋಯಿತು. ಮೂರು ದಿನ ಯಾರ ಮುಖವನ್ನೂ ನೋಡದೆ ನಡುಮನೆಯಲ್ಲಿ ಮಲಗಿದ್ದ. ಆಮೇಲೆ ಪಕ್ಷದವರು ಸಮಾಧಾನಕ್ಕೆಂದು ಒಂದು ಹುದ್ದೆ ಕೊಡಿಸಿದರು. ಪೊಲೀಸರ ಕೈ ಸಾಲದ ಕಡೆ ನಿಲ್ಲಿಸಲು ಆ ಕಾಲದಲ್ಲಿ ಒಂದು ಸ್ವಯಂಸೇವಕರ ದಳವಿತ್ತು. ಖಾಕಿ ಬಟ್ಟೆ, ಬೂಟ್ಸು, ಕೈಯಲ್ಲಿ ಲಾಠಿ. ಸಂಬಳವಿಲ್ಲ, ಕರೆದ ದಿನಕ್ಕೆ ಮಾತ್ರ ಭತ್ಯೆ. ಅದರ ಸರ್ಕಾರಿ ಹೆಸರು ಇಲ್ಲಿ ಬೇಡ, ನಮ್ಮ ಬೀದಿಯಲ್ಲಂತೂ ಯಾರೂ ಆ ಹೆಸರಿನಿಂದ ಕರೆಯಲಿಲ್ಲ. ಎಲ್ಲರೂ 'ಮಿಲ್ಟ್ರಿ' ಅನ್ನುತ್ತಿದ್ದರು. ಆ ಮಿಲ್ಟ್ರಿಗೆ ಹಿಂದೂಪುರ, ಪೆನುಕೊಂಡ, ಕಲ್ಯಾಣದುರ್ಗದ ಕಡೆಗೆಲ್ಲ ಅಪ್ಪನೇ ಗೌರವ ಕಮಾಂಡರ್.

ಜೀವಮಾನದಲ್ಲಿ ಒಂದು ಕಾಗೆಗೂ ಕಲ್ಲು ಬೀರದವನು ಕಮಾಂಡರ್ ಆದನಲ್ಲ ಎಂದು ಅಮ್ಮ ನಕ್ಕಳು. ಅಪ್ಪ ಪೇಪರು ತಂದು ಅವಳ ಮುಂದೆ ಹಿಡಿದ.

"ನೋಡಿಲ್ಲಿ. ಅಮೆರಿಕದಾಗೆ ಹಡಗಿನ ಸೈನ್ಯದ ಇಲಾಖೆಗೆ ದೊಡ್ಡೋನು ಯಾರು ಗೊತ್ತಾ? ನಮ್ಮಂಗೆ ಓಟು ಕೇಳ್ಕಂಡು ಬಂದ ಲೀಡರು ಕಣೆ. ಅವನೇನು ಹಡಗು ಓಡ್ಸಲ್ಲ, ಬಂದೂಕ ಹಿಡಿಯಲ್ಲ. ಸಹಿ ಹಾಕ್ತಾನೆ. ಸೈನ್ಯ ಸಲ್ಯೂಟ್ ಹೊಡೀತೈತೆ."

"ಹಡಗಿಗೆ ನೀರಾದ್ರೂ ಬೇಕಲ್ಲ, ನಮ್ಮೂರಾಗೆ ನಲ್ಲೀಲೇ ಬರಲ್ಲ," ಎಂದಳು ಅಮ್ಮ. "ಅಲ್ಪನಿಗೆ ಐಶ್ವರ್ಯ ಬಂದ್ರೆ ಅರ್ಧರಾತ್ರೀಲಿ ಕೊಡೆ ಹಿಡಿದ್ನಂತೆ."

ಹಾಗೆಂದವಳೇ ಅವನ ಖಾಕಿಗೆ ನೂಲಿಗೆ ಹಾಕುವ ಗಟ್ಟಿ ಗಂಜಿ ಹಾಕಿ ಇಸ್ತ್ರಿ ಮಾಡಿಕೊಟ್ಟಳು. ಅಂಗಿ ಹಲಗೆಯಷ್ಟು ಬಿರುಸಾಗಿ, ಅಪ್ಪ ಅದರಲ್ಲಿ ಕೈ ಮಡಚಲು ಕಷ್ಟಪಡುತ್ತಿದ್ದ. ಆದರೂ ಅದನ್ನು ತೊಟ್ಟ ಮೇಲೆ ಅವನ ನಡಿಗೆಯೇ ಬೇರೆಯಾಯಿತು. ಟೀ ಅಂಗಡಿಯ ಮುಂದೆ ನಿಲ್ಲುವುದನ್ನು ಬಿಟ್ಟ. ಅಂಗಡಿಯವನೇ ಲೋಟ ಹಿಡಿದು ಮನೆಗೆ ಬರಬೇಕಾಯಿತು.

ದಳಕ್ಕೆ ಜನ ಬೇಕಿತ್ತು. ಅಪ್ಪ ತನ್ನ ಬೀದಿಯಿಂದಲೇ ಹುಡುಕಿದ. ಮಗ್ಗದಲ್ಲಿ ಕೂತು ಕೂತು ಕಾಲು ಸಣ್ಣಗಾದವರು, ಉಸಿರು ಕಟ್ಟಿ ಕೆಮ್ಮುವವರು, ಎಲ್ಲರೂ ಭಾನುವಾರ ಬೆಳಿಗ್ಗೆ ಶಾಲೆಯ ಮೈದಾನದಲ್ಲಿ ಸಾಲಾಗಿ ನಿಂತರು. ಬೂಟ್ಸುಗಳು ಎಲ್ಲಿಯದೋ ಹಳೆಯ ಸ್ಟೋರಿನಿಂದ ಬಂದವು. ಯಾರ ಕಾಲಿಗೂ ಸರಿಹೊಂದದಷ್ಟು ದೊಡ್ಡವು. ನಮ್ಮವರು ಅದಕ್ಕೂ ದಾರಿ ಕಂಡುಕೊಂಡರು. ಮಗ್ಗದಡಿ ಬಿದ್ದ ನೂಲಿನ ಚೂರುಗಳನ್ನು ಉಂಡೆ ಕಟ್ಟಿ ಬೂಟ್ಸಿನ ಮುಂದಕ್ಕೆ ತುರುಕಿ, ಲೇಸು ಬಿಗಿಯಾಗಿ ಎರಡು ಸುತ್ತು ಸುತ್ತಿ ಗಂಟು ಹಾಕಿಕೊಳ್ಳುತ್ತಿದ್ದರು. ಸಲ್ಯೂಟ್ ಹೊಡೆಯುವಾಗ ಬೂಟ್ಸು ಕಳಚಿ ಬಿದ್ದರೆ ಮರ್ಯಾದೆ ಹೋಗುತ್ತದಲ್ಲ!

ಹಾಗೆ ಸೇರಿದವರಲ್ಲಿ ಮೂರನೇ ಮನೆಯ ಅಕ್ಕನ ಗಂಡನೂ ಒಬ್ಬ. ಅಕ್ಕ ಎಂದರೆ ಒಡಹುಟ್ಟಿದವಳಲ್ಲ. ನನಗಿಂತ ನಾಲ್ಕೈದು ವರ್ಷ ದೊಡ್ಡವಳು; ಚಿಕ್ಕಂದಿನಲ್ಲಿ ಇಬ್ಬರೂ ಒಂದೇ ಜಗುಲಿಯಲ್ಲಿ ಕೂತು ರಾಟೆಯಲ್ಲಿ ಲಾಳಿಗೆ ಹಾಕುವ ನೂಲಿನ ಕಂಡಿಕೆ ಸುತ್ತಿದ್ದೆವು. ನಾನು ಕಾಲೇಜಿಗೆ ಹೋದೆ, ಟೈಪಿಂಗ್ ಕಲಿತೆ. ಅವಳು ಕಂಡಿಕೆ ಸುತ್ತುತ್ತಲೇ ಉಳಿದಳು. ಲೇಪಾಕ್ಷಿ ಕಡೆಯ ಬಡ ಹುಡುಗನೊಬ್ಬ ಮನೆ ಅಳಿಯನಾಗಿ ಬಂದ. ನಾನು ಅವನನ್ನು ಭಾವ ಅನ್ನುತ್ತಿದ್ದೆ. ನಮ್ಮ ಮನೆಯ ಎರಡನೇ ಮಗ್ಗದಲ್ಲೇ ನೇಯುತ್ತಿದ್ದ. ಮಾತು ಕಡಿಮೆ, ನಗು ಜಾಸ್ತಿ. ಮಿಲ್ಟ್ರಿಗೆ ಸೇರುವ ಆಸೆ ಅವನದಲ್ಲ, ಅಕ್ಕನದು. ಖಾಕಿ ಹಾಕಿಕೊಂಡು ಬಂದ ಗಂಡನನ್ನು ಬಾಗಿಲಲ್ಲೇ ನಿಲ್ಲಿಸಿ ದೃಷ್ಟಿ ತೆಗೆದಿದ್ದಳು. "ನಮ್ಮೆಜಮಾನ್ರು ಡ್ಯೂಟಿಗೆ ಹೋಗವ್ರೆ" ಎನ್ನುವಾಗ ಅವಳ ಮುಖ ನೋಡಬೇಕಿತ್ತು. ಅವರಿಗೆ ಆಗ ಎರಡು ವರ್ಷದ ಮಗಳಿದ್ದಳು.

ಅಪ್ಪನಿಗೆ ಇಂಗ್ಲಿಷ್ ಬರೆಯಲು ಬರುತ್ತಿರಲಿಲ್ಲ. ದಳದ ಕಾಗದಗಳನ್ನೆಲ್ಲ ಟೈಪ್ ಮಾಡುವವಳು ನಾನೇ. ಸೊಸೈಟಿಯ ಹಳೆಯ ಮಿಶನ್ನು ನಮ್ಮ ಮನೆಗೇ ಬಂದಿತ್ತು. ಅಪ್ಪ ಕನ್ನಡದಲ್ಲಿ ಹೇಳುತ್ತಿದ್ದ, ನಾನು ಇಂಗ್ಲಿಷಿನಲ್ಲಿ ಹೊಡೆದುಕೊಡುತ್ತಿದ್ದೆ, ಅವನು ಓದದೆಯೇ ಸಹಿ ಹಾಕುತ್ತಿದ್ದ. ಅಷ್ಟು ನಂಬಿಕೆ. ನನಗೂ ಅದರ ಜಂಬ ಇತ್ತು. ಇಪ್ಪತ್ತು ವರ್ಷದ ಹುಡುಗಿಯ ಮಾತು ಅನಂತಪುರದ ಫೈಲಿನಲ್ಲಿ ಕೂರುತ್ತದೆಂದರೆ ಸುಮ್ಮನೆಯೇ?

ಒಂದು ವರ್ಷ ಎಂದೂ ಇಲ್ಲದ ಮಳೆ ಬಂತು. ಕಲ್ಯಾಣದುರ್ಗದ ಆಚೆ, ಏಳೆಂಟು ಮೈಲಿ ದೂರದಲ್ಲಿ ಒಂದು ದೊಡ್ಡ ಕೆರೆ. ಮಳೆ ಮೂರು ದಿನ ಬಿಡದೆ ಹಿಡಿದಾಗ ಅದು ತುಂಬಿತು. ನಾನು ಹುಟ್ಟಿದ ಮೇಲೆ ಅದು ತುಂಬಿದ್ದೇ ಇಲ್ಲವಂತೆ. ಏರಿ ಒಂದು ಕಡೆ ಒಸರುತ್ತಿತ್ತು. ಅಲ್ಲಿ ಕಾವಲಿರಲು ಹದಿನಾಲ್ಕು ಜನರನ್ನು ಕಳಿಸಿ ಎಂದು ತಾಲ್ಲೂಕು ಆಫೀಸಿನಿಂದ ಅಪ್ಪನಿಗೆ ಆರ್ಡರ್ ಬಂತು. ಆರ್ಡರನ್ನು ನಾನೇ ಓದಿ ಹೇಳಿದೆ. ಏರಿಯ ಮೇಲೆ ಜನ ಸೇರಲು ಬಿಡಬಾರದು, ಯಾರನ್ನೂ ನೀರಿಗೆ ಇಳಿಯಲು ಬಿಡಬಾರದು. ಇಷ್ಟೇ. ಭಾವನೂ ಆ ಹದಿನಾಲ್ಕು ಜನರಲ್ಲಿದ್ದ.

ಎರಡು ದಿನ ಅವರು ಮರಳಿನ ಚೀಲ ಹೊತ್ತರು, ಒಸರುವ ಕಡೆ ಒಟ್ಟಿದರು. ಏರಿ ನಿಂತಿತು. ಅಷ್ಟಾಗಿದ್ದರೆ ಅಪ್ಪನ ದಳಕ್ಕೆ ಒಳ್ಳೆಯ ಹೆಸರು ಬಂದು ಕಥೆ ಅಲ್ಲಿಗೇ ಮುಗಿಯುತ್ತಿತ್ತು. ಆದರೆ ಆ ಕೆರೆಯ ಊರಿನ ಹಿರಿಯರು ಹಿಂದೂಪುರಕ್ಕೇ ಅಪ್ಪನ ಹತ್ತಿರ ಬಂದು, ಕೆರೆ ತುಂಬಿದೆ, ಗಂಗಮ್ಮನಿಗೆ ಬಾಗಿನ ಬಿಡಬೇಕು, ದೊಡ್ಡವರು ನೀವೇ ಬಿಡಿ ಎಂದರು. ಅಪ್ಪನೊಳಗಿನ ಲೀಡರು ಎದ್ದು ಕೂತ. ಮುಂದಿನ ಸಲ ಹಿಂದೂಪುರದಲ್ಲಿ ಸಿಗದಿದ್ದರೆ ಕಲ್ಯಾಣದುರ್ಗದಲ್ಲಾದರೂ ಟಿಕೆಟ್ ಕೇಳುವ ಲೆಕ್ಕ ಅವನ ತಲೆಯಲ್ಲಿತ್ತು. ತುಂಬಿದ ಕೆರೆಗೆ ಬಾಗಿನ ಬಿಟ್ಟವನನ್ನು ಆ ಸೀಮೆಯ ಜನ ಮರೆಯುತ್ತಾರೆಯೇ?

ಮಾರನೆಯ ದಿನ ಜೀಪು ಮಾಡಿಕೊಂಡು ನಮ್ಮನ್ನೂ ಕರೆದೊಯ್ದ. ಬಾಗಿನಕ್ಕೆ ಮುತ್ತೈದೆ ಬೇಕು, ಆದ್ದರಿಂದ ಅಮ್ಮ. ಅಮ್ಮನಿಗೆ ತಟ್ಟೆ ಹಿಡಿಯಲು ನಾನು. ಕಲ್ಯಾಣದುರ್ಗದಲ್ಲಿ ಇಳಿದು ಎರಡು ಹೊಸ ಮೊರ, ಹಸಿರು ಸೀರೆ, ಬಳೆ, ಅರಿಶಿನ ಕುಂಕುಮ, ತೆಂಗಿನಕಾಯಿ ಕೊಂಡೆವು. ಸ್ಟುಡಿಯೋದಿಂದ ಅಪ್ಪ ಒಬ್ಬ ಫೋಟೋದವನನ್ನೂ ಜೀಪಿಗೆ ಹತ್ತಿಸಿಕೊಂಡ. "ಏರಿ ಮ್ಯಾಲೆ ಜನ ಸೇರಬಾರ್ದು ಅಂತ ಆರ್ಡರ್ ಐತಲ್ಲಪ್ಪ," ಎಂದೆ ನಾನು. "ಆ ಆರ್ಡರ್ ಜನಕ್ಕೆ ಕಣಮ್ಮ, ಕಮಾಂಡರಿಗಲ್ಲ," ಎಂದ. ನನಗೂ ಅದು ಸರಿಯೆನ್ನಿಸಿತು.

ಮಳೆ ನಿಂತಿತ್ತು. ಏರಿಯ ಮೇಲೆ ಐದಾರು ಊರಿನ ಜನ. ಹದಿನಾಲ್ಕು ಜನ ನೀರಿನ ಅಂಚಿನಲ್ಲಿ ಸಾಲಾಗಿ ಅಟೆನ್ಷನ್ನಿನಲ್ಲಿ ನಿಂತಿದ್ದರು. ಎರಡು ದಿನದ ಕೆಸರು ಮೈಮೇಲಿದ್ದರೂ ಬೂಟ್ಸು ಒರೆಸಿಕೊಂಡಿದ್ದರು. ಪೂಜೆಯ ಜಾಗದಲ್ಲಿ ಕಾಲಲ್ಲಿ ಬೂಟ್ಸಿರಬಾರದು ಎಂದು ಮುದುಕರೊಬ್ಬರು ಹೇಳಿದ್ದಕ್ಕೆ ಅಪ್ಪ ತನ್ನದನ್ನು ಬಿಚ್ಚಿಟ್ಟ. ದಳದವರಿಗೆ ಮಾತ್ರ ಬಿಚ್ಚಲು ಬಿಡಲಿಲ್ಲ. ಯೂನಿಫಾರಂ ಎಂದರೆ ಯೂನಿಫಾರಂ, ಫೋಟೋದಲ್ಲಿ ಬರಿಗಾಲು ಬಿದ್ದರೆ ಅದು ಮಿಲ್ಟ್ರಿಯೇ ಅಲ್ಲ ಎಂದ.

ಅಮ್ಮ ಅಪ್ಪ ಸೇರಿ ಬಾಗಿನ ಬಿಟ್ಟರು. ಒಂದರ ಮೇಲೊಂದು ಕವುಚಿ ಕಟ್ಟಿದ ಮೊರ, ಮೇಲೆ ಹಸಿರು ಸೀರೆ. ದಳ ಸಲ್ಯೂಟ್ ಹೊಡೆಯಿತು, ಜನ ಚಪ್ಪಾಳೆ ತಟ್ಟಿದರು. ಮೊರ ನಾಲ್ಕು ಮಾರು ಹೋಗಿ ನಿಂತಿತು. ಗಾಳಿ ಎದುರಿನಿಂದ ಬೀಸುತ್ತಿತ್ತು. ನಿಧಾನಕ್ಕೆ ತಿರುಗಿ ದಡದ ಕಡೆಗೇ ಬಂತು. ಅಪ್ಪ ಲಾಠಿಯಿಂದ ತಳ್ಳಿದ. ಮತ್ತೆ ಬಂತು. ಕೊಟ್ಟ ಬಾಗಿನ ಹಿಂದಕ್ಕೆ ಬಂದರೆ ಗಂಗಮ್ಮ ಒಪ್ಪಲಿಲ್ಲವೆಂದು ಅರ್ಥ. ಇದು ನಮ್ಮಲ್ಲಿ ಯಾರೂ ಯಾರಿಗೂ ಹೇಳಿಕೊಡಬೇಕಾದ ಸಂಗತಿಯಲ್ಲ. ಗುಂಪಿನಲ್ಲಿ ಒಬ್ಬ ಮುದುಕಿ, "ತಾಯಿ ಒಲ್ಲೆ ಅಂತವ್ಳೆ" ಎಂದು ಜೋರಾಗಿಯೇ ಅಂದಳು. ಚಪ್ಪಾಳೆ ನಿಂತುಹೋಯಿತು. ಅಪ್ಪನ ಮುಖ ಕಪ್ಪಿಟ್ಟಿತು. ಸಾವಿರ ಜನರ ಮುಂದೆ ಗಂಗಮ್ಮ ಒಲ್ಲೆ ಎಂದವನಿಗೆ ಯಾರು ಓಟು ಹಾಕುತ್ತಾರೆ?

ಸಾಲಿನ ತುದಿಯಲ್ಲಿ, ನೀರಿಗೆ ಹತ್ತಿರ ಇದ್ದವನು ಭಾವ.

"ಏಯ್, ಇಳಿದು ತಳ್ಳಲಾ ಅದನ್ನ, ನಡುವಿಗೆ ತಳ್ಳು," ಎಂದ ಅಪ್ಪ.

ಭಾವ ಬಗ್ಗಿ ಲೇಸಿಗೆ ಕೈ ಹಾಕಿದ. "ಬೂಟ್ಸು ಬಿಚ್ಚಲಾ ಸಾರ್?"

"ಬ್ಯಾಡ ಬ್ಯಾಡ, ಎಷ್ಟೊತ್ತು ಬಿಚ್ತೀಯ! ಮಂಡಿಯುದ್ದ ನೀರು, ಹಂಗೇ ಇಳಿ."

ಈ ಎರಡು ಮಾತು ನಾನು ಕಿವಿಯಾರೆ ಕೇಳಿದ್ದು. ನಾನು ಅಪ್ಪನಿಂದ ಮೂರು ಹೆಜ್ಜೆ ದೂರದಲ್ಲಿ ತಟ್ಟೆ ಹಿಡಿದು ನಿಂತಿದ್ದೆ.

ಭಾವ ನಕ್ಕುಕೊಂಡೇ ಇಳಿದ. ಮೊದಲು ಮಂಡಿಯವರೆಗೆ, ಆಮೇಲೆ ತೊಡೆಯವರೆಗೆ. ಎರಡು ಕೈಯಿಂದ ಮೊರವನ್ನು ಮುಂದಕ್ಕೆ ತಳ್ಳುತ್ತಾ ಹೋದ. ಜನ ಮತ್ತೆ ಚಪ್ಪಾಳೆ ಶುರುಮಾಡಿದರು. ಬರದ ವರ್ಷಗಳಲ್ಲಿ ಆ ಊರಿನವರು ಹೊಲಕ್ಕೆ ಹೊಡೆಯಲು ಕೆರೆಯಂಗಳದಿಂದ ಗೋಡುಮಣ್ಣು ತೆಗೆದು ತೆಗೆದು ಆಳಾಳುದ್ದದ ಗುಂಡಿ ಮಾಡಿದ್ದರು. ಊರಿನವರಿಗೆ ಅದು ಗೊತ್ತು, ಹಿಂದೂಪುರದ ನೇಕಾರನಿಗೆ ಹೇಗೆ ಗೊತ್ತಿರಬೇಕು? ಒಂದು ಹೆಜ್ಜೆ ಇಟ್ಟ, ಕಾಣದಂತಾದ. ಒಂದು ಸಲ ಕೈ ಮೇಲೆ ಬಂತು. ಚಪ್ಪಾಳೆ ಇನ್ನೂ ನಡೆದಿತ್ತು, ಅವನು ಮುಳುಗಿ ತಳ್ಳುತ್ತಿದ್ದಾನೆಂದು ಜನ ತಿಳಿದಿದ್ದರು. ನಮ್ಮ ಹದಿಮೂರು ಜನರಲ್ಲಿ ಒಬ್ಬನಿಗೂ ಈಜು ಬರುತ್ತಿರಲಿಲ್ಲ. ನೀರೇ ಇಲ್ಲದ ಸೀಮೆಯಲ್ಲಿ ಮಗ್ಗದ ಗುಂಡಿಯಲ್ಲಿ ಬೆಳೆದವರು ಈಜು ಎಲ್ಲಿ ಕಲಿಯಬೇಕು? ಊರಿನ ಇಬ್ಬರು ಧುಮುಕಿದರು. ಅವನನ್ನು ಎಳೆದು ತರುವಷ್ಟರಲ್ಲಿ ಮುಗಿದಿತ್ತು. ನೂಲು ತುರುಕಿದ ಬೂಟ್ಸು ನೀರು ಕುಡಿದು ಕಲ್ಲಾಗಿದ್ದವು. ಕಲ್ಯಾಣದುರ್ಗದ ಆಸ್ಪತ್ರೆಯಲ್ಲಿ ಗಂಟು ಬಿಚ್ಚಲಾಗದೆ ಬ್ಲೇಡಿನಿಂದ ಲೇಸು ಕತ್ತರಿಸಿದರು.

ಹೆಣ ಹಿಂದೂಪುರಕ್ಕೆ ಬಂದಾಗ ಅಕ್ಕ ಅತ್ತಿದ್ದನ್ನು ನಾನು ಬರೆಯಲಾರೆ. ಬೀದಿಯ ಹಿರಿಯರು ಅಪ್ಪನನ್ನು ಒಂದೇ ಮಾತು ಕೇಳಿದರು. ಮಿಲ್ಟ್ರಿಯವನು ಸತ್ತಿದ್ದಾನೆ, ಮಿಲ್ಟ್ರಿ ಮರ್ಯಾದೆ ಏನು? ಬಾವುಟ ಹೊದಿಸುತ್ತಾರಾ, ಸಲ್ಯೂಟ್ ಇರುತ್ತಾ? ಅಷ್ಟು ವರ್ಷ ಅದು ಮಿಲ್ಟ್ರಿ ಎಂದು ಹೇಳಿ ನಂಬಿಸಿದವನು ಅವನೇ ಅಲ್ಲವೇ. ಮೇಲಿಂದ ಆರ್ಡರ್ ಬರಬೇಕು ಎಂದ ಅಪ್ಪ. ಬರಲಿಲ್ಲ. ಯಾವ ಸಲ್ಯೂಟೂ ಇಲ್ಲದೆ ಭಾವನನ್ನು ಮಣ್ಣು ಮಾಡಿದರು.

ನಿಯಮ ಹೀಗಿತ್ತು. ಡ್ಯೂಟಿಯ ಮೇಲೆ ಸತ್ತರೆ ಹೆಂಡತಿಗೆ ಪರಿಹಾರ, ಮತ್ತೆ ಯಾವುದಾದರೂ ಆಫೀಸಿನಲ್ಲಿ ಆಯಾ ಕೆಲಸ. ಡ್ಯೂಟಿ ಅಲ್ಲದಿದ್ದರೆ ಏನೂ ಇಲ್ಲ. ಅದನ್ನು ತೀರ್ಮಾನ ಮಾಡುವುದು ಕಮಾಂಡರ್ ಬರೆಯುವ ವರದಿ. ಅಕ್ಕ ಮತ್ತು ಅವಳ ಮಗಳ ಅನ್ನ ಆ ಒಂದು ಹಾಳೆಯಲ್ಲಿತ್ತು. ಇದು ಅಪ್ಪನಿಗೂ ಗೊತ್ತು, ನನಗೂ ಗೊತ್ತು.

ಐದನೇ ದಿನ ಮಧ್ಯಾಹ್ನ ಊಟವಾದ ಮೇಲೆ ಅಪ್ಪ ಮಿಶನ್ನಿನ ಪಕ್ಕದ ಕುರ್ಚಿಯಲ್ಲಿ ಕೂತ. ನಾನು ಹಾಳೆ ಸೇರಿಸಿದೆ. ತಾರೀಖು, ಜಾಗ, ಹೆಸರು ಎಲ್ಲ ಆಯಿತು. "ಬೆಳಿಗ್ಗೆ ಹತ್ತು ಗಂಟೆಗೆ ಸದರಿಯವನು ನೀರಿಗೆ ಇಳಿದ" ಎಂದು ಹೇಳಿ ಅಪ್ಪ ನಿಲ್ಲಿಸಿದ. ಹಣೆ ಉಜ್ಜಿಕೊಂಡ. ನಾನು ಕಾದೆ. ತಾನೇ ಇಳಿಸಿದ್ದೆಂದು ಬರೆಸಿದರೆ ಆರ್ಡರ್ ಮೀರಿ ಬಾಗಿನ ಬಿಟ್ಟದ್ದು, ಜನ ಸೇರಿಸಿದ್ದು ಎಲ್ಲ ಹೊರಗೆ ಬರುತ್ತದೆ. ಹುದ್ದೆ ಹೋಗುತ್ತದೆ, ಟಿಕೆಟ್ ಹೋಗುತ್ತದೆ, ಬಹುಶಃ ಕೇಸೂ ಆಗುತ್ತದೆ. ಐದು ದಿನಗಳಲ್ಲಿ ಅವನು ಮುದುಕನಾಗಿಬಿಟ್ಟಿದ್ದ.

"ಇಳಿದ... ಯಾತಕ್ಕೆ ಇಳಿದ ಅಂತ ಬರೆಯಾದು?" ಎಂದು ಕೇಳಿದ. ನನ್ನನ್ನು ಕೇಳಿದನೋ ತನ್ನನ್ನೇ ಕೇಳಿಕೊಂಡನೋ ಇವತ್ತಿಗೂ ಗೊತ್ತಿಲ್ಲ.

"ಸ್ನಾನಕ್ಕೆ ಅಂತ ಬರೀಲಾ ಅಪ್ಪ?" ಎಂದೆ.

ಆ ಮಾತು ನನ್ನದು. ಅಪ್ಪ ಹೇಳಿದ್ದಲ್ಲ. ನಾನು ಹೇಳಿದ್ದು. ಅವನು ತಲೆಯೆತ್ತಿ ನನ್ನ ಮುಖ ನೋಡಿದ, ಬಹಳ ಹೊತ್ತು ನೋಡಿದ. "ಬರಿ" ಎಂದ. ನಾನು ಹೊಡೆದೆ. ಅನುಮತಿ ಇಲ್ಲದೆ, ತನ್ನ ಇಚ್ಛೆಯಿಂದ, ಸ್ನಾನಕ್ಕೆಂದು ಇಳಿದು ಮುಳುಗಿದ. ಅಪ್ಪ ಎಂದಿನಂತೆ ಓದದೆ ಸಹಿ ಹಾಕಿದ.

ಯಾಕೆ ಹಾಗೆಂದೆ? ಅಪ್ಪನನ್ನು ಪೊಲೀಸರು ಕರೆದುಕೊಂಡು ಹೋಗುತ್ತಾರೆಂಬ ಭಯ. ಅವನ ಮೇಲಿನ ಪ್ರೀತಿ. ಮತ್ತೆ, ಹೇಳಲು ನಾಚಿಕೆಯಾಗುತ್ತದೆ, ಅವನ ಕಷ್ಟವನ್ನು ಒಂದೇ ಪದದಲ್ಲಿ ಬಿಡಿಸಿದೆನೆಂಬ ಜಾಣತನದ ಸುಖ. ಸುಳ್ಳೇ ಹೇಳಬೇಕೆಂದಿದ್ದರೆ ಅಕ್ಕನಿಗೆ ಅನ್ನ ಸಿಗುವ ಸುಳ್ಳೂ ಇತ್ತು. ಏರಿಯ ಒಸರು ನೋಡುವಾಗ ಜಾರಿದ ಎನ್ನಬಹುದಿತ್ತು. ಆಗಲೂ ವಿಚಾರಣೆ ಬರುತ್ತಿತ್ತು, ಬಂದವರು ಅದೂ ಇದೂ ಕೆದಕುತ್ತಿದ್ದರು. ಸ್ನಾನಕ್ಕೆ ಇಳಿದವನ ಬಗ್ಗೆ ಯಾರೂ ಏನೂ ಕೇಳುವುದಿಲ್ಲ. ನನಗೆ ಅಷ್ಟೆಲ್ಲ ಬುದ್ಧಿ ಇಪ್ಪತ್ತನೇ ವಯಸ್ಸಿಗೇ ಇತ್ತು.

ಕೇಳಲೂ ಇಲ್ಲ. ಕೆರೆಯ ಊರಿನವರು ತಾಯಿ ಒಲ್ಲೆ ಎಂದ ಬಾಗಿನದ ಮಾತನ್ನೇ ಎತ್ತಲು ಹೆದರಿದರು. ಹದಿಮೂರು ಜನಕ್ಕೆ ಮುಂದಿನ ಡ್ಯೂಟಿ ಬೇಕಿತ್ತು. ಬೀದಿಯಲ್ಲಿ ಎಲ್ಲರಿಗೂ ನಿಜ ಗೊತ್ತಿತ್ತು, ಕಾಗದದಲ್ಲಿ ಯಾರೂ ಹೇಳಲಿಲ್ಲ.

ನಾಲ್ಕು ತಿಂಗಳ ಮೇಲೆ ಅಕ್ಕ ಒಂದು ಲಕೋಟೆ ಹಿಡಿದುಕೊಂಡು ಬಂದಳು. ನಾನು ಅಷ್ಟು ದಿನವೂ ಅವಳ ಕಣ್ಣಿಗೆ ಬೀಳದಂತೆ ತಪ್ಪಿಸಿಕೊಂಡು ಓಡಾಡುತ್ತಿದ್ದೆ. ಆದರೆ ಊರಿಗೆ ಬಂದವಳು ನೀರಿಗೆ ಬಾರದೆ ಇರುತ್ತಾಳೆಯೇ? ಬೀದಿಯಲ್ಲಿ ಇಂಗ್ಲಿಷ್ ಓದುವ ಹೆಂಗಸು ನಾನೊಬ್ಬಳೇ.

"ಇದೇನು ಬರೆದವ್ರೆ ಓದು ಕಣೆ," ಎಂದಳು.

ಪರಿಹಾರ ಕೊಡಲು ಬರುವುದಿಲ್ಲ ಎಂಬ ಎರಡು ಸಾಲಿನ ಕಾಗದ. ಅದರ ಹಿಂದೆ ಪಿನ್ನು ಚುಚ್ಚಿ ನನ್ನ ವರದಿಯ ನಕಲು. ನಾನು ಎಲ್ಲವನ್ನೂ ಕನ್ನಡದಲ್ಲಿ ಓದಿ ಹೇಳಿದೆ. ಒಂದು ಪದವನ್ನೂ ಬಿಡಲಿಲ್ಲ, ಆ ಪದ ಯಾರದೆಂಬುದನ್ನು ಮಾತ್ರ ಹೇಳಲಿಲ್ಲ. ಮಗಳು ಅಕ್ಕನ ಸೆರಗು ಹಿಡಿದು ಜಗ್ಗುತ್ತಿದ್ದಳು.

"ಸ್ನಾನಕ್ಕಾ?" ಎಂದಳು ಅಕ್ಕ. "ಸ್ನಾನಕ್ಕೆ ಇಳಿಯೋನು ಬೂಟ್ಸು ಹಾಕ್ಕಂಡು ಇಳೀತಾನಾ? ಆಸ್ಪತ್ರೆಯಾಗೆ ಲೇಸು ಕುಯ್ದವ್ರೆ. ಅಂಗಿ, ಪ್ಯಾಂಟು, ಬೆಲ್ಟು, ಎಲ್ಲಾ ಮೈಮ್ಯಾಲೆ ಇತ್ತು. ಇಷ್ಟು ಓದಿದವ್ರು ಒಬ್ರೂ ಇದನ್ನ ಕೇಳ್ಲಿಲ್ವಾ?"

ನಾನು ಕೂಡ ಅದನ್ನು ಯೋಚಿಸಿರಲಿಲ್ಲ.

"ನೀನು ಬರೆದುಕೊಡು," ಎಂದಳು ಅಕ್ಕ. "ಬೂಟ್ಸಿತ್ತು ಅಂತ ಒಂದೇ ಮಾತು ಬರಿ. ನಾನು ಹೆಬ್ಬೆಟ್ಟು ಒತ್ತುತೀನಿ. ನಿಮ್ಮಪ್ಪನ ಹೆಸರು ತರಬ್ಯಾಡ. ಬೂಟ್ಸು ಇತ್ತು ಅಂತ ಅಷ್ಟೇಯ."

"ನಾಳೆ ಬರೀತೀನಿ ಅಕ್ಕ," ಎಂದೆ.

ಮಾರನೆಯ ದಿನ ಬೆಳಿಗ್ಗೆ ಬಂದಳು. ಮಿಶನ್ನಿನ ರಿಬ್ಬನ್ ಒಣಗಿದೆ ಎಂದೆ. ಅದರ ಮಾರನೆಯ ದಿನ ಬಂದಳು. ತಲೆನೋವು ಎಂದೆ. ಮೂರನೇ ದಿನ ಬಂದಾಗ ಅಪ್ಪ ಜಗುಲಿಯಲ್ಲಿದ್ದ. ಅವನು ಎಲ್ಲವನ್ನೂ ಗಮನಿಸಿದ್ದನೆಂದು ಕಾಣುತ್ತದೆ. "ನಮ್ಮನೇಲೇ ಕಂಡಿಕೆ ಸುತ್ತಮ್ಮ, ನಾಲ್ಕು ಮಗ್ಗಕ್ಕೆ ಆಗೋ ಅಷ್ಟು ಕೆಲಸ ಐತೆ, ಯಾರು ಬಿಟ್ರೂ ನಾನು ಬಿಡಲ್ಲ," ಎಂದ. ಅಕ್ಕ ಅವನನ್ನು ನೋಡಿದಳು, ಬಾಗಿಲಲ್ಲಿ ನಿಂತಿದ್ದ ನನ್ನನ್ನು ನೋಡಿದಳು. ಮಗಳನ್ನು ಕೆಳಗಿಳಿಸಿ ರಾಟೆಯ ಮುಂದೆ ಕೂತಳು. ಅರ್ಜಿಯ ಮಾತನ್ನು ಮತ್ತೆ ಎತ್ತಲೇ ಇಲ್ಲ.

ಹೀಗೆ ಅಕ್ಕ ಹದಿಮೂರು ವರ್ಷ ನಮ್ಮ ಜಗುಲಿಯಲ್ಲಿ ಕಂಡಿಕೆ ಸುತ್ತಿದಳು. ನಾನು ಮದುವೆಯಾಗಿ ಪೆನುಕೊಂಡಕ್ಕೆ ಹೋದೆ, ಸ್ಕೂಲಿನಲ್ಲಿ ಟೀಚರಾದೆ. ತವರಿಗೆ ಬಂದಾಗಲೆಲ್ಲ ಮೊದಲು ಕಿವಿಗೆ ಬೀಳುತ್ತಿದ್ದದ್ದು ಅವಳ ರಾಟೆಯ ಸದ್ದು. "ಬಂದ್ಯೇನೆ, ಉಣ್ತೀಯಾ?" ಎನ್ನುತ್ತಿದ್ದಳು. ಅವಳು ಬೈದಿದ್ದರೆ ನಾನು ಬದುಕಿಕೊಳ್ಳುತ್ತಿದ್ದೆ. ಬೈಯಲಿಲ್ಲ. ಅವಳ ಮಗಳು ಏಳನೇ ಕ್ಲಾಸಿಗೆ ಶಾಲೆ ಬಿಟ್ಟು ಇನ್ನೊಂದು ರಾಟೆಯ ಮುಂದೆ ಕೂತಳು. ಆಫೀಸಿನ ಕೆಲಸ ಸಿಕ್ಕಿದ್ದರೆ ಆ ಮಗು ಓದುತ್ತಿತ್ತು. ಇದನ್ನು ನಾನು ಟೀಚರ್ ಆಗಿ ಹೇಳುತ್ತಿದ್ದೇನೆ, ಬುದ್ಧಿವಂತ ಮಗು.

ಅಪ್ಪನಿಗೆ ಟಿಕೆಟ್ ಎರಡೂ ಕಡೆ ಸಿಗಲಿಲ್ಲ. ಆದರೆ ದಳದಲ್ಲಿ ಮೇಲೇರುತ್ತಾ ಹೋದ. ಜಿಲ್ಲೆಗೆಲ್ಲ ದೊಡ್ಡವನಾದ. ಎದೆಗೆ ಬೆಳ್ಳಿ ಬಿಲ್ಲೆ ಬಂತು. ಆಗಸ್ಟ್ ಹದಿನೈದಕ್ಕೆ ಕಲೆಕ್ಟರ ಪಕ್ಕದ ಕುರ್ಚಿ. ತುಂಬಿದ ಕೆರೆಯ ಹತ್ತಿರ ಮಾತ್ರ ಮತ್ತೆ ಹೋಗಲಿಲ್ಲ. ಭಾವನ ಸಾವಿನ ಬಗ್ಗೆ ಬೀದಿಯವರು ಅವನ ಬೆನ್ನ ಹಿಂದೆ ಶಾಪ ಹಾಕುತ್ತಿದ್ದರು, ಸುಳ್ಳು ಬರೆದ ಪಾಪಿ ಎನ್ನುತ್ತಿದ್ದರು. ಅವನಿಗೂ ಅದು ತಿಳಿದಿತ್ತು. ಸ್ನಾನ ಎಂಬ ಆ ಪದ ತನ್ನ ಮಗಳದು ಎಂದು ಒಂದು ದಿನವೂ ಯಾರಿಗೂ ಹೇಳಲಿಲ್ಲ, ಅಮ್ಮನಿಗೂ ಹೇಳಲಿಲ್ಲ. ನಾನೂ ಹೇಳಲಿಲ್ಲ. ಆ ಶಾಪವನ್ನೆಲ್ಲ ಅವನೊಬ್ಬನೇ ತಿಂದ. ಈಗ ಯೋಚಿಸಿದರೆ ಅವನು ಒಬ್ಬ ಕಮಾಂಡರ್ ಹಾಗೆ ನಡೆದುಕೊಂಡದ್ದು ಅದೊಂದು ವಿಷಯದಲ್ಲೇ, ಅದೂ ನನಗೋಸ್ಕರ.

ತೊಂಬತ್ತರ ದಶಕದ ಮೊದಲಲ್ಲಿ ಕಿಡ್ನಿ ಹೋಗಿ ಅಪ್ಪ ಸತ್ತ. ಮನೆಯಲ್ಲಿ, ಮಂಚದ ಮೇಲೆ, ಅಮ್ಮ ಬಾಯಿಗೆ ನೀರು ಬಿಡುತ್ತಿರುವಾಗ. ಅದು ಭಾನುವಾರ. ಮಧ್ಯಾಹ್ನದ ಹೊತ್ತಿಗೆ ಅನಂತಪುರದಿಂದ ಒಂದು ವ್ಯಾನು ಬಂತು. ಖಾಕಿ ತೊಟ್ಟ ಹನ್ನೆರಡು ಜನ ಇಳಿದರು, ಎಲ್ಲ ಹೊಸ ಹುಡುಗರು. ಬಾವುಟ ಹೊದಿಸಿದರು, ಹೂವಿನ ಚಕ್ರ ಇಟ್ಟರು, ಕಹಳೆ ಊದಿದರು. ಹನ್ನೆರಡು ಜನರ ಬೂಟ್ಸು ಒಟ್ಟಿಗೆ ನೆಲಕ್ಕೆ ಬಡಿದು ಸಲ್ಯೂಟ್ ಆದಾಗ ಬೀದಿಗೆ ಬೀದಿಯೇ ಬೆಚ್ಚಿತು. ಅಮ್ಮ ಅಷ್ಟು ಹೊತ್ತೂ ಅಳದವಳು ಆಗ ಅತ್ತಳು.

ಅಕ್ಕ ನನ್ನ ಪಕ್ಕದಲ್ಲೇ ನಿಂತಿದ್ದಳು. ಆ ಹುಡುಗರನ್ನು ಒಬ್ಬೊಬ್ಬರನ್ನಾಗಿ ನೋಡುತ್ತಿದ್ದಳು. ಈಗ ಕೇಳುತ್ತಾಳೆ, ನನ್ನ ಗಂಡನಿಗೆ ಯಾಕೆ ಇದಾಗಲಿಲ್ಲ ಎಂದು ಈಗ ಕೇಳುತ್ತಾಳೆ ಎಂದು ನಾನು ಕಾದೆ. ಅವಳು ನನ್ನ ಕೈ ಮುಟ್ಟಿದಳು.

"ಇವರೆಲ್ಲಾ ಡ್ಯೂಟಿ ಮ್ಯಾಲೆ ಬಂದವ್ರಾ?" ಎಂದಳು.

"ಹೂಂ ಅಕ್ಕ," ಎಂದೆ.

"ಬರ್ಕಂಡವ್ರಾ? ಕೇಳ್ಕಂಡು ಬಾ ಹೋಗು. ಡ್ಯೂಟಿ ಅಂತ ಕಾಗದದಾಗೆ ಬರ್ಸು. ವಾಪಸ್ ಹೋಗೋ ದಾರೀಲಿ ಏನಾನ ಆದ್ರೆ, ಪಾಪ, ಅವರ ಹೆಂಡ್ರು ಮಕ್ಳು ಎಲ್ಲಿಗೆ ಹೋಗ್ತಾರೆ?"

ನಾನು ಹೋಗಿ ಅವರ ಮುಖಂಡನನ್ನು ಕೇಳಿದೆ. ಅವನು ತೆಲುಗಿನಲ್ಲಿ, ಇಲ್ಲಮ್ಮಾ, ಇವತ್ತು ರಜ, ಡ್ಯೂಟಿ ಹಾಕಿಲ್ಲ, ಸಾಹೇಬರ ಮೇಲಿನ ಗೌರವಕ್ಕೆ ನಾವಾಗಿಯೇ ಬಂದಿದ್ದೇವೆ ಎಂದ. ಹೇಳಿ ಕೈಮುಗಿದ. ವ್ಯಾನಿನ ಡ್ರೈವರು ಹೊತ್ತಾಯಿತೆಂದು ಹಾರ್ನ್ ಒತ್ತುತ್ತಿದ್ದ. ಹುಡುಗರು ಒಬ್ಬೊಬ್ಬರಾಗಿ ಹತ್ತಿದರು. ನಾನು ತಿರುಗಿ ಅಕ್ಕನ ಹತ್ತಿರ ಬಂದೆ.

"ಬರ್ಕಂಡವ್ರೆ ಅಕ್ಕ," ಎಂದೆ.

"ಹಂಗಾದ್ರೆ ಸರಿ ಬಿಡು," ಎಂದು ಹೇಳಿ ಅಕ್ಕ ಅಮ್ಮನ ಪಕ್ಕದಲ್ಲಿ ಹೋಗಿ ಕೂತಳು.